ಕೊಟ್ಟೆ ಪುರಾಣ

ನಮ್ಮ ಸಾಗರ ಸೀಮೆಯಲ್ಲಿ ಪ್ಲಾಸ್ಟಿಕ್ ಚೀಲಕ್ಕೆ ‘ಕೊಟ್ಟೆ’ ಎನ್ನುತ್ತಾರೆ. ಘಟ್ಟ ಇಳಿದು ಮಂಗಳೂರಿನ ಕಡೆ ಹೋದರೆ ಅದು ‘ತೊಟ್ಟೆ’, ಬೆಂಗಳೂರಿನಲ್ಲಿ ‘ಕವರ್’. ನಾನು ಕಾಲೇಜಿನಲ್ಲಿ ಚರಿತ್ರೆಯ ಪಾಠ ಮಾಡಿಕೊಂಡಿದ್ದ ಕಾಲದಲ್ಲಿ ‘ಆ ಕೊಟ್ಟೆ ತಗೊಂಡು ಬಾ’ ಎಂದಾಗಲೆಲ್ಲ ಬಯಲುಸೀಮೆಯ ಹುಡುಗರು, ಮೇಷ್ಟ್ರು ಯಾರಿಗೆ ಏನು ಕೊಟ್ಟರು ಎಂದು ಪರಸ್ಪರ ಮುಖ ನೋಡಿಕೊಳ್ಳುತ್ತಿದ್ದರು.

ಕೊಟ್ಟೆ ಎಂಬ ಮಾತು ಪ್ಲಾಸ್ಟಿಕ್ಕಿಗಿಂತ ಬಹಳ ಹಳೆಯದು. ಹಲಸಿನ ಎಲೆಗಳನ್ನು ಕಡ್ಡಿ ಚುಚ್ಚಿ ಜೋಡಿಸಿ ಮಾಡಿದ ದೊನ್ನೆ ಕೊಟ್ಟೆ. ಅದರಲ್ಲಿ ಹಿಟ್ಟು ಹೊಯ್ದು ಬೇಯಿಸಿದರೆ ಕೊಟ್ಟೆಕಡುಬು. ಇದಕ್ಕಿಂತ ಮುಖ್ಯವಾದ ಕೊಟ್ಟೆ ಅಡಿಕೆ ತೋಟದ್ದು. ಮಳೆ ಹಿಡಿಯುವ ಮೊದಲು, ಮರದ ಮೇಲಿನ ಎಳೆಯ ಅಡಿಕೆ ಕೊನೆಗಳಿಗೆ ಹಾಳೆಯ ಕೊಟ್ಟೆ ಕಟ್ಟುತ್ತಿದ್ದರು. ಅಡಿಕೆ ಸೋಗೆಯ ಬುಡದ ಅಗಲವಾದ ಪಟ್ಟೆಯೇ ಹಾಳೆ. ಅದನ್ನು ನೆನೆಸಿ, ಮೆದುಮಾಡಿ, ಕೊನೆಯ ಮೇಲೆ ಕೊಡೆಯ ಹಾಗೆ ಕೂರಿಸಿ ಕಟ್ಟಿದರೆ ನೀರು ಕಾಯಿಯ ಮೇಲೆ ನಿಲ್ಲುವುದಿಲ್ಲ, ಕೊಳೆರೋಗ ತಾಗುವುದಿಲ್ಲ. ಮೈಸೂರು ಸರ್ಕಾರದ ಕೃಷಿ ಇಲಾಖೆಗೆ ಕೆನಡಾದಿಂದ ಬಂದಿದ್ದ ಲೆಸ್ಲಿ ಕೋಲ್ಮನ್ ಸಾಹೇಬರು ಕೊಳೆರೋಗದ ಬಗ್ಗೆ 1910ರಲ್ಲಿ ಒಂದು ವರದಿ ಪ್ರಕಟಿಸಿದರು. ಮೈಲುತುತ್ತ ಮತ್ತು ಸುಣ್ಣ ಬೆರೆಸಿದ ಬೋರ್ಡೋ ದ್ರಾವಣವನ್ನು ಕೊನೆಗಳಿಗೆ ಹೊಡೆಯುವುದನ್ನು ಮಲೆನಾಡಿಗೆ ಕಲಿಸಿದವರು ಅವರೇ. ಆದರೂ ನನ್ನ ಬಾಲ್ಯದವರೆಗೆ ನಮ್ಮ ತೋಟದಲ್ಲಿ ಔಷಧಿಯೂ ಇತ್ತು, ಕೊಟ್ಟೆಯೂ ಇತ್ತು. ಅಜ್ಜನಿಗೆ ಮೈಲುತುತ್ತದ ಮೇಲೆ ಅರ್ಧ ನಂಬಿಕೆ, ಹಾಳೆಯ ಮೇಲೆ ಪೂರ್ತಿ ನಂಬಿಕೆ. ನಮ್ಮ ಕೊನೆಗೌಡ ಬೆನ್ನಿಗೆ ಕೊಟ್ಟೆಯ ಹೊರೆ ಕಟ್ಟಿಕೊಂಡು ಮರ ಹತ್ತಿದರೆ, ಕೆಳಗಿಳಿಯದೆ ಒಂದು ಮರದಿಂದ ಇನ್ನೊಂದಕ್ಕೆ ಜೋಲಿ ಹೊಡೆದು ದಾಟುತ್ತಿದ್ದ. ಕೆಳಗೆ ನಿಂತ ನಮ್ಮ ಎದೆ ಡವಡವ.

ಮುಂದೊಂದು ವರ್ಷ ಹಾಳೆಯ ಬದಲು ಪಾಲಿಥಿನ್ನಿನ ಚೀಲ ಬಂತು. ಹಗುರ, ನೆನೆಸುವ ರಗಳೆಯಿಲ್ಲ, ಒಂದೇ ಹೊರೆಯಲ್ಲಿ ನೂರಾರು ಹೋಗುತ್ತದೆ. ಕೆಲಸ ಅದೇ ಆದ್ದರಿಂದ ಹೆಸರೂ ಅದೇ ಉಳಿಯಿತು: ಪ್ಲಾಸ್ಟಿಕ್ ಕೊಟ್ಟೆ. ಆಮೇಲೆ ಪೇಟೆಯಿಂದ ಬಂದ ಎಲ್ಲ ಪ್ಲಾಸ್ಟಿಕ್ ಚೀಲಗಳೂ ನಮಗೆ ಕೊಟ್ಟೆಗಳೇ ಆದವು. ಹಾಳೆಯ ಕೊಟ್ಟೆ ಉದುರಿದರೆ ಮರದ ಬುಡದಲ್ಲಿ ಗೊಬ್ಬರವಾಗುತ್ತಿತ್ತು. ಪ್ಲಾಸ್ಟಿಕ್ಕಿನದು ಉದುರಿ ಹರಿದು ಚೂರಾಗಿ ಮಣ್ಣಿನಲ್ಲಿ ಕೂತಿತು. ಇವತ್ತಿಗೂ ತೋಟದಲ್ಲಿ ಗುದ್ದಲಿ ಹಾಕಿದರೆ ಅದರ ತುಂಡುಗಳು ಏಳುತ್ತವೆ. ಮುಂದೆ ನಾನು ಹೇಳಲಿರುವ ಸಂಗತಿಗಳಲ್ಲಿ ಬೇರೆಯವರ ಮೇಲೆ ತಪ್ಪು ಹೊರಿಸುವಂತೆ ಕಂಡರೆ, ಓದುಗರು ಈ ತುಂಡುಗಳನ್ನು ನೆನಪಿಟ್ಟುಕೊಳ್ಳಬೇಕು.

ನನ್ನ ಹುಡುಗುತನದಲ್ಲಿ ಮನೆಗೆ ಬರುತ್ತಿದ್ದ ಸಾಮಾನಿನ ಹೊದಿಕೆಗಳನ್ನು ಬೆರಳಲ್ಲಿ ಎಣಿಸಬಹುದಿತ್ತು. ಸೀಮೆಎಣ್ಣೆಗೆ ನಾವೇ ಶೀಸೆ ಒಯ್ಯಬೇಕು. ಸಕ್ಕರೆ, ಬೇಳೆ ಹಳೆಯ ಪತ್ರಿಕೆಯ ಪೊಟ್ಟಣದಲ್ಲಿ. ಅಂಗಡಿಯ ಶೇಟು ಜಂತಿಯಿಂದ ಇಳಿಬಿಟ್ಟ ದಾರ ಎಳೆದು ನಾಲ್ಕು ಸುತ್ತು ಸುತ್ತಿ ಫಟ್ಟನೆ ಹರಿಯುವುದನ್ನು ನೋಡುವುದೇ ಒಂದು ಸುಖ. ಪೊಟ್ಟಣದ ಕಾಗದ ಓದಲು ನನಗೆ, ದಾರ ಹೂ ಕಟ್ಟಲು ಅಮ್ಮನಿಗೆ. ಜೋನಿಬೆಲ್ಲ ಡಬ್ಬದಲ್ಲಿ ಬರುತ್ತಿತ್ತು. ಬೆಲ್ಲ ಮುಗಿದ ಮೇಲೆ ಆ ಡಬ್ಬಕ್ಕೆ ಬಚ್ಚಲಿನಲ್ಲೋ ಕೊಟ್ಟಿಗೆಯಲ್ಲೋ ಇನ್ನೊಂದು ಜನ್ಮ. ಏನನ್ನಾದರೂ ಎಸೆಯಹೊರಟರೆ ಅಮ್ಮನ ಕೂಗು ಒಳಗಿನಿಂದಲೇ ಬರುತ್ತಿತ್ತು: ‘ಬಿಸಾಡಡ, ಬೇಕಾಗ್ತು!’ ಇದನ್ನು ನಾವು ಪರಿಸರಪ್ರೇಮ ಎಂದು ಕರೆದುಕೊಂಡರೆ ಸುಳ್ಳಾಗುತ್ತದೆ. ಅದು ಬಡತನ. ಒಂದು ಡಬ್ಬಕ್ಕೆ ಇದ್ದ ಬೆಲೆ ನಮಗೆ ಗೊತ್ತಿತ್ತು, ಅಷ್ಟೆ.

ಎಲ್ಲಕ್ಕಿಂತ ಗೌರವದ ಹೊದಿಕೆಯೆಂದರೆ ಗೋಣಿಚೀಲ. ಸುಲಿದು, ಬೇಯಿಸಿ, ಒಣಗಿಸಿದ ಅಡಿಕೆ ಗೋಣಿಯಲ್ಲಿ ತುಂಬಿ ಮಂಡಿಗೆ ಹೋಗುತ್ತಿತ್ತು. ಬಾಯಿ ಹೊಲಿಯಲು ದಬ್ಬಣ. ಚೀಲದ ಮೇಲೆ ಅಪ್ಪಯ್ಯನ ಹೆಸರಿನ ಎರಡಕ್ಷರ. ಹಳೆಯ ಗೋಣಿ ಮಳೆಗಾಲದಲ್ಲಿ ಆಳುಗಳ ತಲೆಗೆ ಕೊಪ್ಪೆ, ಚಳಿಗಾಲದಲ್ಲಿ ಕರುವಿನ ಹಾಸಿಗೆ, ಕೊನೆಗೆ ಬಾಗಿಲಲ್ಲಿ ಕಾಲೊರಸು.

ಈ ಗೋಣಿ ಎಲ್ಲಿಂದ ಬರುತ್ತದೆಂದು ನಾನು ತಿಳಿದದ್ದು ಎಂ.ಎ. ಓದುವಾಗ. ಹೂಗ್ಲಿ ನದಿಯ ದಡದ ರಿಶ್ರಾ ಎಂಬ ಊರಿನಲ್ಲಿ 1855ರಲ್ಲಿ ನಮ್ಮ ದೇಶದ ಮೊದಲ ಸೆಣಬಿನ ಗಿರಣಿ ಶುರುವಾಯಿತು. ಅಲ್ಲಿಯವರೆಗೆ ಬಂಗಾಳದ ಸೆಣಬು ಸ್ಕಾಟ್ಲೆಂಡಿನ ಡಂಡಿಗೆ ಹೋಗಿ ಚೀಲವಾಗುತ್ತಿತ್ತು. 1947ರಲ್ಲಿ ಗೆರೆ ಎಳೆದಾಗ ಗಿರಣಿಗಳು ಇಲ್ಲಿ ಉಳಿದವು, ಒಳ್ಳೆಯ ಸೆಣಬು ಬೆಳೆಯುವ ಗದ್ದೆಗಳು ಪೂರ್ವ ಪಾಕಿಸ್ತಾನಕ್ಕೆ ಹೋದವು. ಹೊಸ ದೇಶಕ್ಕೆ ತನ್ನ ಅಕ್ಕಿ ತುಂಬುವ ಚೀಲದ ನಾರಿಗೂ ಪರದಾಟ. ಕುತೂಹಲದ ಸಂಗತಿಯೆಂದರೆ, 1950ರ ದಶಕದ ಕೊನೆಯಲ್ಲಿ ಭಾರತದಲ್ಲಿ ಪಾಲಿಥಿನ್ ತಯಾರಿಕೆ ಆರಂಭಗೊಂಡ ಊರುಗಳಲ್ಲೊಂದು ಅದೇ ರಿಶ್ರಾ. ಮುಂದೆ ವಡೋದರದ ಸರ್ಕಾರಿ ಪೆಟ್ರೋರಾಸಾಯನಿಕ ಕಾರ್ಖಾನೆ, ಆಮೇಲೆ ಖಾಸಗಿಯವರು. ಹೆಣೆದ ಪ್ಲಾಸ್ಟಿಕ್ ಚೀಲಗಳು ಗೊಬ್ಬರಕ್ಕೂ ಸಿಮೆಂಟಿಗೂ ನುಗ್ಗಿದಾಗ ಸೆಣಬಿನವರ ಕೂಗು ದೆಹಲಿ ಮುಟ್ಟಿ, ಇಂತಿಂಥ ಸರಕನ್ನು ಸೆಣಬಿನಲ್ಲೇ ತುಂಬಬೇಕೆಂದು 1987ರಲ್ಲಿ ಒಂದು ಕಾಯ್ದೆಯಾಯಿತು. ಸಿಮೆಂಟು, ಗೊಬ್ಬರ ಕ್ರಮೇಣ ಜಾರಿಕೊಂಡವು. ಧಾನ್ಯ, ಸಕ್ಕರೆ ಉಳಿದವು. ರೈತರು ಯೂರಿಯಾ ಚೀಲವನ್ನು ಗೋಣಿಯಷ್ಟೇ ಪ್ರೀತಿಯಿಂದ ತಲೆಗೆ ಹಾಕಿಕೊಂಡರೆನ್ನುವುದನ್ನೂ ಹೇಳಬೇಕು. ಅದು ನೀರು ಸೋರುತ್ತಿರಲಿಲ್ಲ.

ಆದರೆ ನಮ್ಮ ಮನೆಯ ಚರಿತ್ರೆ ಬದಲಿಸಿದ್ದು ಗೋಣಿಯೂ ಅಲ್ಲ, ಯೂರಿಯಾ ಚೀಲವೂ ಅಲ್ಲ. ಅಂಗೈಯಲ್ಲಿ ಮುಚ್ಚಿಹೋಗುವಷ್ಟು ಚಿಕ್ಕದೊಂದು ಪೊಟ್ಟಣ.

ಅಡಿಕೆ ಅಂದರೆ ಎಲೆಯಡಿಕೆ ಎಂದೇ ನಾವು ತಿಳಿದಿದ್ದೆವು. ಕವಳ ಹಾಕುವವರು ಇರುವವರೆಗೆ ಅಡಿಕೆ ಇರುತ್ತದೆ. ಕವಳ ಹಾಕುವವರು ಕಡಿಮೆಯಾಗುತ್ತಿದ್ದಾರೆ ಎಂಬುದು ಅಪ್ಪಯ್ಯನ ಚಿಂತೆ. 1970ರ ಸುಮಾರಿಗೆ ದರ ನೆಲಕಚ್ಚಿದ್ದನ್ನೂ, ಅದರ ಬೆನ್ನಿಗೇ 1973ರಲ್ಲಿ ಮಂಗಳೂರಿನಲ್ಲಿ ಬೆಳೆಗಾರರ ಕ್ಯಾಂಪ್ಕೊ ಹುಟ್ಟಿದ್ದನ್ನೂ ಅವರು ಕಂಡಿದ್ದರು. ಅದೇ 1973ರಲ್ಲಿ ದೂರದ ಕಾನ್ಪುರದಲ್ಲಿ ಪಾನ್ ಪರಾಗ್ ಎಂಬ ಪಾನ್ ಮಸಾಲೆ ಮಾರುಕಟ್ಟೆಗೆ ಬಂತು. ಎಲೆಯಿಲ್ಲದ ಕವಳ! ಮೊದಮೊದಲು ಅದು ತಗಡಿನ ಡಬ್ಬಿಯಲ್ಲಿ ಬರುತ್ತಿತ್ತು. ನೆಂಟರೊಬ್ಬರು ಮದುವೆಮನೆಯಲ್ಲಿ ಅಂಥ ಡಬ್ಬಿ ತೆಗೆದು ಗಣ್ಯರ ಕೈಗೆ ಮಾತ್ರ ಒಂದೊಂದು ಚಮಚ ಹಾಕಿದ್ದು ನನಗೆ ನೆನಪಿದೆ. ಡಬ್ಬಿ ಕೊಳ್ಳಲು ಒಂದೇ ಸಲಕ್ಕೆ ದುಡ್ಡು ಎಣಿಸಬೇಕು. ಕೂಲಿಯವನ ಬಳಿ ಅಷ್ಟು ದುಡ್ಡು ಒಟ್ಟಿಗೆ ಎಲ್ಲಿರುತ್ತದೆ?

ಈ ಗಂಟನ್ನು ಬಿಡಿಸಿದ್ದು ಸ್ಯಾಷೆ. ತಮಿಳುನಾಡಿನ ಕಡಲೂರಿನಲ್ಲಿ ಚಿನ್ನಿಕೃಷ್ಣನ್ ಎಂಬವರು ಶಾಂಪೂವನ್ನು ಪೊಟ್ಟಣಕ್ಕೆ ತುಂಬಿ ತೋರಿಸಿದ್ದರು. ಅವರ ಮಗ ರಂಗನಾಥನ್ 1983ರಲ್ಲಿ ಚಿಕ್ ಶಾಂಪೂ ಕಂಪನಿ ತೆರೆದು, ಅದನ್ನು ಎಂಟಾಣೆಗೆ ಹಳ್ಳಿಹಳ್ಳಿಗೆ ಮುಟ್ಟಿಸಿದರು. ಬಡವನಿಗೆ ಬಾಟಲಿ ಮಾರಲಾಗದು, ಒಂದು ದಿನದ ತಲೆಸ್ನಾನ ಮಾರಬಹುದು. ಈ ಲೆಕ್ಕ ಶಾಂಪೂವಿಗೆ ಒಪ್ಪಿದಂತೆಯೇ ಕಾಫಿಪುಡಿಗೆ, ಉಪ್ಪಿನಕಾಯಿಗೆ, ಪಾನ್ ಮಸಾಲೆಗೆ, ಅದಕ್ಕೆ ತಂಬಾಕು ಸೇರಿಸಿದ ಗುಟ್ಕಾಕ್ಕೂ ಒಪ್ಪಿತು. ಬಡ ದೇಶದ ಜಾಣತನ ಇದು, ಹೊರಗಿನಿಂದ ಯಾರೂ ಹೇಳಿಕೊಟ್ಟದ್ದಲ್ಲ. ಹಾಗಾಗಿಯೇ ಇದನ್ನು ಸುಮ್ಮನೆ ಬೈದುಬಿಡಲು ನನಗೆ ಮನಸ್ಸು ಬರುವುದಿಲ್ಲ. ನಮ್ಮ ಮನೆ ಕೆಲಸಕ್ಕೆ ಬರುತ್ತಿದ್ದ ಹೆಂಗಸು ಮೊದಲ ಸಲ ಶಾಂಪೂ ಹಾಕಿಕೊಂಡು ಬಂದ ದಿನ ಆಕೆಯ ಮುಖದಲ್ಲಿದ್ದ ಗೆಲುವನ್ನು ಯಾವ ವರದಿಯೂ ದಾಖಲಿಸುವುದಿಲ್ಲ.

ಆ ಪೊಟ್ಟಣವನ್ನು ಒಮ್ಮೆ ಬಿಡಿಸಿ ನೋಡಬೇಕು. ಹೊರಗೆ ತೆಳುವಾದ ಪಾಲಿಯೆಸ್ಟರ್ ಹಾಳೆ, ಅದರ ಒಳಮೈಗೆ ತಿರುಗುಮುರುಗಾಗಿ ಅಚ್ಚುಹಾಕಿದ ಬಣ್ಣ. ಕೈ ತಗುಲಿ ಶಾಯಿ ಅಳಿಸಬಾರದೆಂದು. ನಡುವೆ ಗಾಳಿ, ತೇವ ಒಳಬರದಂತೆ, ಪರಿಮಳ ಹೊರಹೋಗದಂತೆ ಅಲ್ಯೂಮಿನಿಯಮ್ಮಿನ ಪದರ. ಒಳಗೆ ಶಾಖ ತಗುಲಿದರೆ ಅಂಟಿಕೊಳ್ಳುವ ಪಾಲಿಥಿನ್. ಸುರುಳಿಯಾಗಿ ಬಂದ ಈ ಪದರವನ್ನು ಯಂತ್ರವೊಂದು ಮಡಿಸಿ, ಕೊಳವೆ ಮಾಡಿ, ಸರಕು ಸುರಿದು, ಕಚ್ಚಿ ಅಂಟಿಸಿ ಸರವಾಗಿ ಹೊರಬಿಡುತ್ತದೆ. ಮಲೆನಾಡಿನ ಮಳೆಯಲ್ಲಿ ನಮ್ಮ ಡಬ್ಬದ ಅಡಿಕೆ ಮೆತ್ತಗಾದರೂ ಗೂಡಂಗಡಿಯ ಸರದಲ್ಲಿ ನೇತಾಡುವ ಪೊಟ್ಟಣದ ಅಡಿಕೆ ಗರಿಗರಿ. ಮೂರು ಪದರಗಳನ್ನು ಬೇರೆಬೇರೆಯಾಗಿ ಕೊಟ್ಟರೆ ಗುಜರಿಯವನು ಮೂರನ್ನೂ ಕೊಳ್ಳುತ್ತಾನೆ. ಅಂಟಿಸಿ ಒಂದು ಮಾಡಿದರೆ ಯಾರಿಗೂ ಬೇಡ. ಅದನ್ನು ಆಯ್ದು ಕಿಲೋ ಕೂಡಿಸುವಷ್ಟರಲ್ಲಿ ಆಯುವವನ ಸೊಂಟ ಬೀಳುತ್ತದೆ. ಅಮ್ಮನ ‘ಬೇಕಾಗ್ತು’ ಎಂಬ ಮಾತು ಸೋತ ಮೊದಲ ವಸ್ತು ಇದೇ ಇರಬೇಕು. ಹಾಲಿನ ಕೊಟ್ಟೆಯನ್ನು ಆಕೆ ತೊಳೆದು ತಂತಿಗೆ ಸಿಕ್ಕಿಸಿ ಒಣಗಿಸುತ್ತಿದ್ದಳು. ಗುಟ್ಕಾ ಪೊಟ್ಟಣವನ್ನು ಅಂಗಳದಿಂದ ಹಿಡಿಯಲ್ಲಿ ಗುಡಿಸಿ ಹಾಕಿದಳು.

1990ರ ದಶಕದಲ್ಲಿ ಅಡಿಕೆಯ ದರ ಏರಿದ್ದು ಈ ಪೊಟ್ಟಣದ ಬೆನ್ನು ಹತ್ತಿ. ಉತ್ತರ ಭಾರತದ ಖರೀದಿದಾರರು ಮಂಡಿಯಲ್ಲಿ ಠಿಕಾಣಿ ಹೂಡಿದರು. ಸೋಗೆ ಮಾಡುಗಳೆಲ್ಲ ಹೆಂಚು ಕಂಡವು, ಹೆಂಚಿನವು ತಾರಸಿ ಕಂಡವು. ಗದ್ದೆಗಳು ತೋಟವಾದವು. ನಾವು 1998ರಲ್ಲಿ ಮನೆ ಕಟ್ಟಿಸಿದೆವು. ಒಳಗೆ ಮೊಸಾಯಿಕ್ ನೆಲ, ಮಹಡಿಯ ಮೇಲೆ ಪುಸ್ತಕಗಳಿಗೆಂದೇ ಒಂದು ಕೋಣೆ. ಗೃಹಪ್ರವೇಶದ ದಿನ ಅಪ್ಪಯ್ಯ ಪಂಕ್ತಿಯಲ್ಲಿ ಕೂತವರಿಗೆ, ‘ಎಲ್ಲಾ ಅಡಕೆ ಕೊಟ್ಟಿದ್ದು’ ಎಂದು ಕೈಮುಗಿದು ಹೇಳುತ್ತಿದ್ದರು. ಅಡಿಕೆ ಕೊಟ್ಟದ್ದು ನಿಜ. ಪೊಟ್ಟಣ ಕೊಡಿಸಿದ್ದು ಎಂದು ನನಗೆ ಆಗಲೂ ಗೊತ್ತಿತ್ತು, ಹೇಳಲಿಲ್ಲ. ಎರಡೇ ವರ್ಷದಲ್ಲಿ ದರ ಮತ್ತೆ ಕುಸಿದು ಎಲ್ಲರೂ ಕಂಗಾಲಾದದ್ದು ಬೇರೆ ಮಾತು.

ಮನೆಯ ಹಿಂದಿನ ಹಳ್ಳದ ಮೋರಿ ಒಂದು ಆಷಾಢದಲ್ಲಿ ಕಟ್ಟಿಕೊಂಡಿತು. ನೀರು ರಸ್ತೆ ಹತ್ತಿ ತೋಟಕ್ಕೆ ನುಗ್ಗಿತು. ಮೊದಲು ಕೊಂಬೆ, ಸೋಗೆ ಎಂದುಕೊಂಡೆವು. ಹಾರೆ ಹಾಕಿ ಎಳೆದರೆ ಬಂದದ್ದು ಕೆಸರಿನಲ್ಲಿ ಅಂಟಿಕೊಂಡ ಪೊಟ್ಟಣಗಳ ಹೆಂಟೆ. ತೊಳೆದರೆ ಬಣ್ಣ ಹೊಸದರಂತೆ ಥಳಥಳ. ನಮ್ಮೂರಿನ ಗೂಡಂಗಡಿ ಮೂರು, ಅದರ ಮೇಲಿನ ಬಸ್‌ಸ್ಟ್ಯಾಂಡು, ಶಾಲೆಯ ಬೇಲಿ ಇವೆಲ್ಲದರ ಹತ್ತು ವರ್ಷದ ಫಸಲು ಅದು. ನಮ್ಮ ತೋಟದ ಅಡಿಕೆ ಉತ್ತರಕ್ಕೆ ಹೋಗಿ, ಚೂರಾಗಿ, ಸುಗಂಧ ಹಚ್ಚಿಕೊಂಡು, ಅಂಗಿ ತೊಟ್ಟು ವಾಪಸು ಬಂದಿತ್ತು. ಅಂಗಿ ಮಾತ್ರ ಉಳಿದಿತ್ತು.

ಆ ದಿನ ಸೊಂಟದವರೆಗೆ ನೀರಿನಲ್ಲಿ ನಿಂತು ಮೋರಿ ಬಿಡಿಸಿದವನು ನಮ್ಮ ಕೊನೆಗೌಡನ ಮಗ. ಅಪ್ಪನಷ್ಟೇ ಚುರುಕಿನ ಹುಡುಗ. ಕೆಲಸ ಮುಗಿದ ಮೇಲೆ ಅಮ್ಮ ಅವನಿಗೆ ತಿಂಡಿ ಕೊಟ್ಟಳು. ದೋಸೆಯನ್ನು ಸಣ್ಣ ಸಣ್ಣ ಚೂರು ಮಾಡಿ, ಬೆರಳಲ್ಲಿ ದೂಡಿ ತಿನ್ನುತ್ತಿದ್ದ. ಬಾಯಿ ಎರಡು ಬೆರಳು ಹೋಗುವಷ್ಟೂ ತೆರೆಯುತ್ತಿರಲಿಲ್ಲ. ಶಿವಮೊಗ್ಗದ ಡಾಕ್ಟರು, ಕೆನ್ನೆಯ ಒಳಗಿನ ಮಾಂಸ ಅಡಿಕೆಯಿಂದಲೇ ನಾರಾಗಿ ಬಿಗಿದಿದೆ, ಇದು ಮುಂದೆ ಹುಣ್ಣಿಗೂ ತಿರುಗಬಹುದು ಎಂದಿದ್ದರಂತೆ. ದಿನಕ್ಕೆ ಎಷ್ಟು ಪೊಟ್ಟಣ ಎಂದು ಕೇಳಿದೆ. ಉತ್ತರ ಕೊಡದೆ ನಕ್ಕ, ಅದೂ ಅರ್ಧ ಬಾಯಲ್ಲಿ. ನಾನು ಮೇಷ್ಟ್ರ ಧಾಟಿಯಲ್ಲಿ ಬಿಟ್ಟುಬಿಡು ಮಾರಾಯ ಎಂದು ಶುರುಮಾಡಿದೆ. ಅವನೆಂದ: ‘ನೀವು ಬೆಳೆಯೋದ್ ಬಿಡಿ ಹೆಗಡೇರೆ, ನಾನ್ ತಿನ್ನೋದ್ ಬಿಡ್ತೀನಿ.’ ಅಮ್ಮ ಒಳಗೆ ಹೋದಳು. ಅಡಿಕೆಯೇ ಕ್ಯಾನ್ಸರಿಗೆ ಕಾರಣವೆಂದು ವಿಶ್ವ ಆರೋಗ್ಯ ಸಂಸ್ಥೆಯ ಅಂಗವಾದ ಕ್ಯಾನ್ಸರ್ ಸಂಶೋಧನಾ ಸಂಸ್ಥೆ 2004ರ ಹೊತ್ತಿಗೆ ಪ್ರಕಟಿಸಿಯೂ ಆಗಿತ್ತು. ಊರಿನಲ್ಲಿ ಆ ಸುದ್ದಿಯನ್ನು ಯಾರೂ ದೊಡ್ಡ ದನಿಯಲ್ಲಿ ಓದಲಿಲ್ಲ.

ಇಷ್ಟಾದ ಮೇಲೂ ನಾನು ಮಾಡಿದ್ದೇನೆಂಬುದನ್ನು ಹೇಳಿಬಿಡುತ್ತೇನೆ. ರಾಜಸ್ಥಾನದ ಒಂದು ಅಸ್ತಮಾ ಸೊಸೈಟಿ ಹೂಡಿದ್ದ ದಾವೆ ಸುಪ್ರೀಂ ಕೋರ್ಟಿಗೆ ಹೋಗಿ, 2010ರ ಡಿಸೆಂಬರಿನಲ್ಲಿ, ಗುಟ್ಕಾ, ತಂಬಾಕು, ಪಾನ್ ಮಸಾಲೆಗಳನ್ನು ಪ್ಲಾಸ್ಟಿಕ್ ಪೊಟ್ಟಣದಲ್ಲಿ ಮಾರಕೂಡದು, ಇದು 2011ರ ಮಾರ್ಚಿನಿಂದ ಜಾರಿ ಎಂದು ಆಜ್ಞೆಯಾಯಿತು. ಗುಟ್ಕಾವನ್ನಲ್ಲ, ಅದರ ಅಂಗಿಯನ್ನು ತಡೆದದ್ದು. ಆದರೂ ಮಲೆನಾಡು ನಡುಗಿತು. ನಮ್ಮಲ್ಲಿ ಬೆಳೆಗಾರರ ಸಭೆ ಸೇರಿತು. ಚರಿತ್ರೆ ಓದಿದವನು, ನಾಲ್ಕು ಅಕ್ಷರ ಬಲ್ಲವನು ಎಂದು ಮನವಿ ಬರೆಯುವ ಕೆಲಸ ನನ್ನ ಪಾಲಿಗೆ ಬಂತು. ಬರೆದೆ. ಅಡಿಕೆಗೆ ಶತಮಾನಗಳ ಸಂಸ್ಕೃತಿ ಇದೆ, ದೋಷವೆಲ್ಲ ತಂಬಾಕಿನದು, ಬಿಸ್ಕತ್ತಿಗೂ ಶಾಂಪೂವಿಗೂ ಇರುವ ಪ್ಲಾಸ್ಟಿಕ್ಕು ಅಡಿಕೆಗೆ ಮಾತ್ರ ಏಕೆ ಪಾಪ ಎಂದು ಮೂರು ಪುಟ. ಬಹಳ ಚೆನ್ನಾಗಿದೆ ಎಂದು ಚಪ್ಪಾಳೆ ಬಿತ್ತು. ಕೊನೆಯ ಪ್ರಶ್ನೆ ಇಂದಿಗೂ ನ್ಯಾಯವಾದದ್ದೇ ಎಂದು ನನ್ನ ಅಭಿಪ್ರಾಯ. ಆದರೆ ಅದನ್ನು ಕೇಳುವ ಬಾಯಿ ನನ್ನದಾಗಬಾರದಿತ್ತು. ಮೋರಿಯ ವಿಷಯ ಆ ಮೂರು ಪುಟಗಳಲ್ಲಿ ಎಲ್ಲೂ ಬರಲಿಲ್ಲ.

ನಾವು ಹೆದರಿದ್ದು ಯಾವುದೂ ಆಗಲಿಲ್ಲ. ಪ್ಲಾಸ್ಟಿಕ್ಕಿನ ಜಾಗಕ್ಕೆ ಕಾಗದದ ಪೊಟ್ಟಣ ಬಂತು. ಕರ್ನಾಟಕ ಸರ್ಕಾರ 2013ರಲ್ಲಿ ಗುಟ್ಕಾವನ್ನೇ ನಿಷೇಧಿಸಿತು. ಆಗ ಅಂಗಡಿಯಲ್ಲಿ ಪಾನ್ ಮಸಾಲೆಯದೊಂದು, ತಂಬಾಕಿನದೊಂದು ಹೀಗೆ ಎರಡು ಪೊಟ್ಟಣ ಅಕ್ಕಪಕ್ಕ ತೂಗಿದವು. ಕೊಂಡವನು ಅಂಗೈಯಲ್ಲಿ ಬೆರೆಸಿಕೊಂಡ. ಒಂದಿದ್ದ ಕಸ ಎರಡಾಯಿತು. 2014ರಲ್ಲಿ ಕೆಂಪಡಿಕೆ ಹಿಂದೆಂದೂ ಕಾಣದ ದರ ಕಂಡಿತು.

ಕಾನೂನು ಬರೆಯುವವರೂ ನನ್ನ ಹಾಗೆಯೇ ಮನವಿ ಬರೆಯುವವರ ಕೈಗೆ ಸಿಗುತ್ತಾರೆಂದು ಕಾಣುತ್ತದೆ. ಪ್ಲಾಸ್ಟಿಕ್ ತ್ಯಾಜ್ಯದ 2016ರ ನಿಯಮಗಳಲ್ಲಿ, ಮರುಬಳಕೆಗೆ ಬಾರದ ಬಹುಪದರದ ಹೊದಿಕೆಗಳನ್ನು ಎರಡು ವರ್ಷದಲ್ಲಿ ನಿಲ್ಲಿಸತಕ್ಕದ್ದು ಎಂದಿತ್ತು. ಎರಡು ವರ್ಷ ತುಂಬುವ ಹೊತ್ತಿಗೆ, 2018ರ ಮಾರ್ಚಿನಲ್ಲಿ ತಿದ್ದುಪಡಿ ಬಂತು: ಮರುಬಳಕೆಗಾಗಲಿ, ಸುಟ್ಟು ಶಕ್ತಿ ಪಡೆಯಲಾಗಲಿ, ಬೇರಾವ ಉಪಯೋಗಕ್ಕಾಗಲಿ ಬಾರದಿದ್ದರೆ ಮಾತ್ರ. ಸುಟ್ಟರೆ ಉರಿಯದ ಪ್ಲಾಸ್ಟಿಕ್ಕು ಯಾವುದಿದೆ? 2022ರ ಜುಲೈ 1ರಿಂದ ದೇಶಾದ್ಯಂತ ನಿಷೇಧವಾದ ಒಮ್ಮೆ ಬಳಸಿ ಬಿಸಾಡುವ ಸಾಮಾನುಗಳ ಪಟ್ಟಿಯಲ್ಲಿ ತಟ್ಟೆ, ಲೋಟ, ಚಮಚ, ಸ್ಟ್ರಾ, ಬಲೂನಿನ ಕಡ್ಡಿ ಎಲ್ಲ ಇವೆ. ಸ್ಯಾಷೆ ಇಲ್ಲ. ಅದನ್ನು ಉತ್ಪಾದಕರೇ ವಾಪಸು ಸಂಗ್ರಹಿಸುವ ಹೊಣೆ ಹೊರಲಿ ಎಂದು ಬೇರೆ ಲೆಕ್ಕಕ್ಕೆ ಸೇರಿಸಿದರು. ನಮ್ಮೂರ ಹಳ್ಳಕ್ಕೆ ಆ ಲೆಕ್ಕ ಕೇಳಲು ಯಾರೂ ಬಂದಿಲ್ಲ.

ಈ ನಿಷೇಧಗಳಿಂದ ಚಿಗುರಿದ್ದೆಂದರೆ ನಮ್ಮ ಹಳೆಯ ಹಾಳೆ. ಉದುರಿದ ಹಾಳೆಯನ್ನು ತೊಳೆದು, ಬಿಸಿ ಅಚ್ಚಿನಲ್ಲಿ ಒತ್ತಿದರೆ ತಟ್ಟೆ. ಅಂಟು ಬೇಡ, ಬಣ್ಣ ಬೇಡ. ಕೊನೆಗೌಡನ ಮಗ ಈಗ ಮರ ಹತ್ತುವುದಿಲ್ಲ. ನಮ್ಮ ಪಕ್ಕದೂರಿನ ತಟ್ಟೆ ಘಟಕಕ್ಕೆ ಹಾಳೆ ಹೆಕ್ಕಿ ಕೊಡುತ್ತಾನೆ. ಅಪ್ಪಯ್ಯ ದನದ ಮುಂದೆ ಹಾಕುತ್ತಿದ್ದ ಹಾಳೆಗೆ ಈಗ ಎಣಿಸಿ ದುಡ್ಡು. ತಟ್ಟೆಗಳು ಸಮುದ್ರ ದಾಟಿ ಅಮೆರಿಕಕ್ಕೂ ಹೋಗುತ್ತಿದ್ದವು. 2025ರಲ್ಲಿ ಅಲ್ಲಿನ ಆಹಾರ ಮತ್ತು ಔಷಧ ಆಡಳಿತದವರು, ಅಡಿಕೆ ಹಾಳೆಯ ತಟ್ಟೆಯಿಂದ ಆಹಾರಕ್ಕೆ ಕ್ಷಾರಾಂಶಗಳು ಇಳಿಯಬಹುದೆಂದು ತಗಾದೆ ತೆಗೆದು, ಆಮದಾಗುವ ಸರಕನ್ನು ಬಂದರಿನಲ್ಲೇ ತಡೆಯಲು ಸೂಚಿಸಿದರು. ಕಾಯಿಯಲ್ಲಿದ್ದ ದೋಷ ಹಾಳೆಯವರೆಗೂ ಬೆನ್ನಟ್ಟಿಕೊಂಡು ಬಂತಲ್ಲ ಎಂದು ಘಟಕದವರು ತಲೆಮೇಲೆ ಕೈಹೊತ್ತಿದ್ದರು. ಅವರಿಗೆ ಸಮಾಧಾನ ಹೇಳಲು ನನಗೆ ಮಾತು ಬರಲಿಲ್ಲ. ಮನವಿ ಬರೆದುಕೊಡಿ ಎಂದು ಕೇಳಿದರು. ಕಣ್ಣು ಮಂಜಾಗಿದೆ ಎಂದೆ.

ಹೋದ ಮಳೆಗಾಲದಲ್ಲಿ ಮೊಮ್ಮಗನ ಹುಟ್ಟುಹಬ್ಬಕ್ಕೆಂದು ಅಲ್ಲಿಂದ ಎರಡು ಕಟ್ಟು ತಟ್ಟೆ ತಂದೆ. ಪ್ರತಿ ಕಟ್ಟಿಗೂ ಬಿಗಿಯಾದ ಪ್ಲಾಸ್ಟಿಕ್ ಹೊದಿಕೆ. ಇದೆಂಥದು ಮಾರಾಯರೇ ಎಂದು ಕೇಳಿದ್ದಕ್ಕೆ, ‘ಈ ಮಳೇಲಿ ಕೊಟ್ಟೆ ಹಾಕ್ದೆ ಇಟ್ರೆ ಬೂಸಲು ಬತ್ತಲ ಮೇಷ್ಟ್ರೇ’ ಎಂದರು. ಹೌದು, ಬರುತ್ತದೆ. ಮನೆಗೆ ಬಂದು ಎರಡು ಕೊಟ್ಟೆಗಳನ್ನೂ ಹರಿಯದಂತೆ ಬಿಚ್ಚಿ, ಒರೆಸಿ, ಮಡಿಸಿ, ಅಮ್ಮ ಹಾಲಿನ ಕೊಟ್ಟೆ ಒಣಗಿಸುತ್ತಿದ್ದ ತಂತಿಗೆ ಸಿಕ್ಕಿಸಿದೆ.